ಪಾಪಾಸುಕಳ್ಳಿ ತಟ್ಟೆಗೆ ಬರಲಿ, ಬಾಟಲಿಗೆ ಬೇಡ

ಮೂಡಿಗೆರೆಯಲ್ಲಿ ಬಸ್ಸು ಹತ್ತಿ ಚಿಕ್ಕಮಗಳೂರಿನ ಮೇಲೆ ಕಡೂರಿಗೆ ಇಳಿಯುವವರು ಕಿಟಕಿ ಪಕ್ಕ ಕೂತರೆ ಸಾಕು, ಜಿಲ್ಲೆಯ ಎರಡು ಮುಖವೂ ಒಂದೇ ಟಿಕೆಟ್ಟಿನಲ್ಲಿ ಕಾಣಿಸುತ್ತವೆ. ಮೊದಲರ್ಧ ಸಿಲ್ವರ್ ಓಕು, ಅದಕ್ಕೆ ಹಬ್ಬಿದ ಮೆಣಸಿನ ಬಳ್ಳಿ, ನೆರಳಲ್ಲಿ ಕಾಫಿ. ಚಿಕ್ಕಮಗಳೂರು ದಾಟಿ ಸಖರಾಯಪಟ್ಟಣದ ಹಾದಿ ಹಿಡಿಯುತ್ತಿದ್ದಂತೆ ಆಕಾಶ ಅಗಲವಾಗುತ್ತದೆ, ನೆಲ ಕೆಂಪಾಗುತ್ತದೆ. ರಾಗಿ ಹೊಲ, ತೆಂಗು, ಜಾಲಿ. ಹೊಲದ ಬದುವಿನಲ್ಲಿ, ಪಾಳು ಕಲ್ಲುಗುಡ್ಡೆಯ ಮಗ್ಗುಲಲ್ಲಿ ಕಳ್ಳಿ. ಮೂಡಿಗೆರೆಯಲ್ಲಿ ವರ್ಷಕ್ಕೆ ಎರಡು ಸಾವಿರ ಮಿಲಿಮೀಟರ್ ದಾಟುವ ಮಳೆ ಕಡೂರಿಗೆ ಬರುವಷ್ಟರಲ್ಲಿ ಆರುನೂರರ ಆಸುಪಾಸಿಗೆ ಇಳಿದಿರುತ್ತದೆ.

ಈ ಜಿಲ್ಲೆಯ ಹೆಸರು 1947ರವರೆಗೆ ಕಡೂರು ಜಿಲ್ಲೆ ಎಂದೇ ಇತ್ತು ಎಂಬುದು ಈಗ ಹೆಚ್ಚಿನವರಿಗೆ ಮರೆತುಹೋಗಿದೆ. ಹೆಸರು ಹೋದಂತೆ ಬಯಲುಸೀಮೆಯ ಮಾತೂ ಹೋಯಿತು. ಪ್ರವಾಸೋದ್ಯಮದ ಫಲಕಗಳಲ್ಲಿ ಕಾಫಿ, ಹೋಮ್‌ಸ್ಟೇ ಊಟದಲ್ಲಿ ಅಕ್ಕಿರೊಟ್ಟಿ, ಕಳಲೆ, ಪತ್ರೊಡೆ. ಎಲ್ಲವೂ ಸರಿಯೇ. ಆದರೆ ಅದೇ ಜಿಲ್ಲೆಯ ಕುರಿಗಾಹಿಗಳು ಬೇಸಿಗೆಯಲ್ಲಿ ಕಿತ್ತು ತಿನ್ನುವ ಪಾಪಾಸುಕಳ್ಳಿ ಹಣ್ಣು, ಬೇಲಿಯಿಂದ ಮುರಿದು ತಂದು ರುಬ್ಬುವ ಮಂಗರವಳ್ಳಿ ಚಟ್ನಿ ಆ ಊಟದ ಮೇಜಿಗೆ ಬಂದದ್ದು ಅಪರೂಪ. ಒಣನೆಲದ ಸಸ್ಯ ಎಂದರೆ ಬಡವರ ಬರಗಾಲದ ತಿಂಡಿ ಎಂಬ ತಾತ್ಸಾರ ನಮ್ಮಲ್ಲಿ ಗಟ್ಟಿಯಾಗಿದೆ.

ತಾತ್ಸಾರವನ್ನಾದರೂ ಸಹಿಸಬಹುದು. ಈಗ ಬಂದಿರುವುದು ಅದರ ತಿರುಗುಮುರುಗು. ಗುಜರಾತಿನ ಕಛ್ ಕಡೆ ‘ಫಿಂಡಲಾ’ ಎಂದು ಕರೆಯುವ ಇದೇ ಹಣ್ಣಿನ ರಸ ಬಾಟಲಿ ಸೇರಿ, ರಕ್ತ ಹೆಚ್ಚಿಸುತ್ತದೆ, ಸಕ್ಕರೆ ಇಳಿಸುತ್ತದೆ, ಕೊಬ್ಬು ಕರಗಿಸುತ್ತದೆ ಎಂಬ ಹೊಗಳಿಕೆಯೊಂದಿಗೆ ಆನ್‌ಲೈನ್ ಅಂಗಡಿಗಳಲ್ಲಿ ಕೂತಿದೆ. ಬೇಲಿಯಲ್ಲಿ ಪುಕ್ಕಟೆ ಸಿಕ್ಕಾಗ ಮೂಸಿಯೂ ನೋಡದವರು ಬಾಟಲಿಗೆ ನೂರಾರು ರೂಪಾಯಿ ಕೊಡುತ್ತಾರೆ. ಹಣ್ಣಾಗಿ ತಿನ್ನಬೇಕಾದ್ದನ್ನು ಔಷಧಿ ಎಂದು ಕುಡಿಯುವ ಈ ಚಾಳಿಯಿಂದ ಅಡುಗೆಗೂ ಲಾಭವಿಲ್ಲ, ಆರೋಗ್ಯಕ್ಕೂ ಇಲ್ಲ.

ರಕ್ತದ ಮಾತನ್ನೇ ತೆಗೆದುಕೊಳ್ಳೋಣ. ಹಣ್ಣಿನ ರಸ ಕಡುಗೆಂಪು. ಕುಡಿದವರಲ್ಲಿ ಕೆಲವರಿಗೆ ಮೂತ್ರವೂ ಕೆಂಪಾಗಿ ಗಾಬರಿಯಾಗುವುದುಂಟು. ಆ ಬಣ್ಣ ಬೀಟಲೇನ್ ಎಂಬ ವರ್ಣದ್ರವ್ಯದ್ದು. ಬೀಟ್‌ರೂಟಿನಲ್ಲೂ, ಕೆಂಪು ದಂಟಿನ ಸೊಪ್ಪಿನಲ್ಲೂ ಇರುವುದು ಅದೇ. ಕಬ್ಬಿಣಕ್ಕೂ ಅದಕ್ಕೂ ಸಂಬಂಧವಿಲ್ಲ. ಅಮೆರಿಕದ ಕೃಷಿ ಇಲಾಖೆಯ ಆಹಾರ ಪಟ್ಟಿಯ ಪ್ರಕಾರ ತೋಟದಲ್ಲಿ ಬೆಳೆದ ಪಾಪಾಸುಕಳ್ಳಿಯ 100 ಗ್ರಾಂ ಹಣ್ಣಿನಲ್ಲಿ ಕಬ್ಬಿಣ ಬರೀ 0.3 ಮಿಲಿಗ್ರಾಂ. ಭಾರತೀಯ ಹೆಂಗಸಿಗೆ ದಿನಕ್ಕೆ ಬೇಕಾದದ್ದು 29 ಮಿಲಿಗ್ರಾಂ ಎಂದು ಐಸಿಎಂಆರ್ 2020ರಲ್ಲಿ ಹೇಳಿದೆ. ಅಂದರೆ ಒಂದು ದಿನದ ಲೆಕ್ಕ ತುಂಬಿಸಲು ಹತ್ತಿರ ಹತ್ತಿರ ಹತ್ತು ಕಿಲೋ ಹಣ್ಣು ತಿನ್ನಬೇಕು! ನಮ್ಮ ಕಾಡುತಳಿಯಲ್ಲಿ ಕೊಂಚ ಹೆಚ್ಚೇ ಇದೆ ಎಂದುಕೊಂಡರೂ ಲೆಕ್ಕ ಕೂಡಿಬರುವುದಿಲ್ಲ.

ಹಾಗೆಂದು ಹಣ್ಣು ಬಡಪಾಯಿಯೇನಲ್ಲ. ಅದೇ ಪಟ್ಟಿಯಲ್ಲಿ 85 ಮಿಲಿಗ್ರಾಂ ಮೆಗ್ನೀಸಿಯಂ, 220 ಮಿಲಿಗ್ರಾಂ ಪೊಟ್ಯಾಸಿಯಂ, 14 ಮಿಲಿಗ್ರಾಂ ಸಿ ಜೀವಸತ್ವ, ಮೂರೂವರೆ ಗ್ರಾಂಗೂ ಮಿಕ್ಕಿ ನಾರಿದೆ. ಕ್ಯಾಲರಿ ಮಾತ್ರ 41. ಸಿ ಜೀವಸತ್ವ ಇರುವುದರಿಂದ ರಾಗಿಯಲ್ಲಿ, ಸೊಪ್ಪಿನಲ್ಲಿ ಇರುವ ಕಬ್ಬಿಣ ಮೈಗೆ ಹತ್ತಲು ನೆರವಾಗುತ್ತದೆ. ಮುದ್ದೆ, ಬಸ್ಸಾರು ಉಂಡು ಮೇಲೆರಡು ಕಳ್ಳಿಹಣ್ಣು ತಿಂದವನಿಗೆ ಬಾಟಲಿ ಕುಡಿದವನಿಗಿಂತ ಹೆಚ್ಚು ಲಾಭ.

ಪಾಪಾಸುಕಳ್ಳಿ ನಮ್ಮದಲ್ಲ, ಮೆಕ್ಸಿಕೋ ಕಡೆಯದು. ಬಾಬಾಬುಡನ್ ಯೆಮೆನ್‌ನಿಂದ ಏಳು ಬೀಜ ತಂದರು ಎನ್ನುವ ಕಥೆಯ ಕಾಫಿಯೂ ನಮ್ಮದಲ್ಲ. ಹೊರಗಿನಿಂದ ಬಂದ ಒಂದು ಗಿಡ ಜಿಲ್ಲೆಯ ಮುಖವಾಯಿತು, ಇನ್ನೊಂದನ್ನು ಹುಳ ಬಿಟ್ಟು ಕೊಲ್ಲಿಸಲಾಯಿತು. ಆ ಕಥೆ ಸ್ವಲ್ಪ ನಿಧಾನವಾಗಿ ಹೇಳುವಂಥದ್ದು.

ಕಳ್ಳಿಯ ಮೇಲೆ ಬೆಳ್ಳಗೆ ಹತ್ತಿ ಅಂಟಿದಂತೆ ಕಾಣುವ ಹುಳವೊಂದಿದೆ. ಕಡೂರು, ತರೀಕೆರೆಯ ಕಡೆ ಇಂದಿಗೂ ಕಳ್ಳಿಯ ದಪ್ಪ ಪಟ್ಟಿಗಳ ಮೇಲೆ ಈ ಹತ್ತಿ ಕಾಣಸಿಗುತ್ತದೆ. ಅದರ ಒಂದು ಚೂರನ್ನು ಬೆರಳಲ್ಲಿ ಹಿಸುಕಿದರೆ ಕುಂಕುಮಕ್ಕಿಂತ ಗಾಢವಾದ ಕೆಂಪು ಬೆರಳಿಗೆ ಮೆತ್ತಿಕೊಂಡು ಸೋಪಿಗೂ ಬೇಗ ಬಗ್ಗುವುದಿಲ್ಲ. ಇದು ಕಾಕಿನೀಲ್ ಹುಳುವಿನ ಬಳಗ. ಮೆಕ್ಸಿಕೋದ ಅಸಲಿ ಕಾಕಿನೀಲ್‌ನಿಂದ ತೆಗೆದ ಕೆಂಪು ಬಣ್ಣ ಒಂದು ಕಾಲದಲ್ಲಿ ಸ್ಪೇನಿನವರ ಏಕಸ್ವಾಮ್ಯ. ಅದನ್ನು ಮುರಿಯಬೇಕೆಂದು ಈಸ್ಟ್ ಇಂಡಿಯಾ ಕಂಪನಿಗೆ ಆಸೆ. 18ನೇ ಶತಮಾನದ ಕೊನೆಯ ಭಾಗದಲ್ಲಿ ಮದ್ರಾಸಿನ ವೈದ್ಯ ಜೇಮ್ಸ್ ಆಂಡರ್ಸನ್ ಸೈದಾಪೇಟೆಯ ಬಳಿ ಕಳ್ಳಿಯ ತೋಟವನ್ನೇ ಮಾಡಿಸಿದ. 1795ರಲ್ಲಿ ಕ್ಯಾಪ್ಟನ್ ನೀಲ್ಸನ್ ಎಂಬಾತ ಬ್ರೆಜಿಲಿನಿಂದ ಕಲ್ಕತ್ತೆಗೆ ಹುಳ ತಂದ. ಬಂದದ್ದು ಮಾತ್ರ ಅಸಲಿ ಜಾತಿಯಲ್ಲ, ಕಳಪೆ ಬಣ್ಣದ ಕಾಡುಜಾತಿ. ಬಣ್ಣದ ವ್ಯಾಪಾರ ನೆಲ ಕಚ್ಚಿತು, ಹುಳ ಮಾತ್ರ ಬದುಕಿತು. ಅದು ಒಂದು ಜಾತಿಯ ಕಳ್ಳಿಯನ್ನು ಮೇಯುತ್ತಾ ಉತ್ತರ ಭಾರತದಲ್ಲಿ ಹರಡಿತು. 1836ರ ನಂತರ ದಕ್ಷಿಣಕ್ಕೆ ಉದ್ದೇಶಪೂರ್ವಕವಾಗಿಯೇ ತರಲಾಯಿತು. ಕಳೆಯನ್ನು ಕೀಟದಿಂದ ಹತೋಟಿಗೆ ತಂದ ಜಗತ್ತಿನ ಮೊದಲ ಉದಾಹರಣೆ ಎಂದು ಕೀಟಶಾಸ್ತ್ರದ ಪುಸ್ತಕಗಳು ಹೇಳುವುದು ಇದನ್ನೇ.

ನಮ್ಮ ಬಯಲಲ್ಲಿ ಹೆಚ್ಚಾಗಿ ಹಬ್ಬಿದ್ದು ಬೇರೊಂದು ಜಾತಿ, ಆ ಹುಳಕ್ಕೆ ಜಗ್ಗದ್ದು. ಅದಕ್ಕೆಂದು 1926ರಲ್ಲಿ ಸಿಂಹಳದಿಂದ ಇನ್ನೊಂದು ಹುಳ ಬಂತು. ಮೈಸೂರು ಸಂಸ್ಥಾನದ ಕೃಷಿ ಇಲಾಖೆಯಲ್ಲಿ ಈ ಕೆಲಸ ನೋಡಿಕೊಂಡವರು ಕೀಟಶಾಸ್ತ್ರಜ್ಞ ಕೆ. ಕುಂಞಿ ಕಣ್ಣನ್. ಆ ಇಲಾಖೆಯ ನಿರ್ದೇಶಕರಾಗಿದ್ದ ಲೆಸ್ಲಿ ಕೋಲ್ಮನ್ ಅವರೇ 1925ರಲ್ಲಿ ಬಾಳೆಹೊನ್ನೂರಿನ ಕಾಫಿ ಪ್ರಯೋಗ ಕೇಂದ್ರಕ್ಕೆ ಕಾರಣಕರ್ತರು. ಒಂದೇ ಇಲಾಖೆ, ಹೆಚ್ಚುಕಮ್ಮಿ ಒಂದೇ ಹೊತ್ತಿನಲ್ಲಿ, ಮಲೆನಾಡಿನಲ್ಲಿ ಕಾಫಿ ಗಿಡವನ್ನು ಹುಳುವಿನಿಂದ ಉಳಿಸುವ ಕೆಲಸಕ್ಕೂ ಬಯಲುಸೀಮೆಯಲ್ಲಿ ಕಳ್ಳಿಯನ್ನು ಹುಳುವಿನಿಂದ ಅಳಿಸುವ ಕೆಲಸಕ್ಕೂ ಕೈ ಹಾಕಿತ್ತು. ಇಲಾಖೆಯನ್ನು ದೂರುವಂತಿಲ್ಲ. ಹೊಲ, ಗೋಮಾಳ, ಊರ ಬಾಗಿಲವರೆಗೂ ಮುಳ್ಳು ನುಗ್ಗಿದ ಕಾಲ ಅದು. ಆಸ್ಟ್ರೇಲಿಯಾದಲ್ಲಿ ಇದೇ ಕುಲದ ಕಳ್ಳಿ ಎರಡು ಕೋಟಿ ಹೆಕ್ಟೇರಿಗೂ ಹೆಚ್ಚು ನೆಲ ನುಂಗಿ, ಕೊನೆಗೆ ಅರ್ಜೆಂಟೀನಾದಿಂದ ತಂದ ಪತಂಗವೊಂದು ಕಾಪಾಡಿತು. ಅಲ್ಲಿನ ಬೂನಾರ್ಗ ಎಂಬ ಹಳ್ಳಿಯವರು ಆ ಪತಂಗದ ಹೆಸರಿನಲ್ಲಿ ಸಭಾಭವನವನ್ನೇ ಕಟ್ಟಿಸಿದ್ದಾರೆ.

ಅಂದಹಾಗೆ, ಕಾಕಿನೀಲ್ ಬಣ್ಣ ಇಂದಿಗೂ ಬಳಕೆಯಲ್ಲಿದೆ. 2012ರಲ್ಲಿ ಅಮೆರಿಕದ ಸ್ಟಾರ್‌ಬಕ್ಸ್ ತನ್ನ ಸ್ಟ್ರಾಬೆರಿ ಪಾನೀಯದಲ್ಲಿ ಈ ಹುಳುವಿನ ಬಣ್ಣವಿದೆ ಎಂದು ಸಸ್ಯಾಹಾರಿಗಳು ಗಲಾಟೆ ಎಬ್ಬಿಸಿದ ಮೇಲೆ ಟೊಮೆಟೊ ಮೂಲದ ಬಣ್ಣಕ್ಕೆ ಬದಲಾಯಿಸಿತು. ಕಾಫಿಗೂ ಕಳ್ಳಿಗೂ ನಂಟು ಹೇಗೆಲ್ಲ ಸುತ್ತಿ ಬರುತ್ತದೆ ನೋಡಿ.

ಈಗ ಅಡುಗೆಮನೆಗೆ ಬರೋಣ. ಡಬ್ಬಗಳ್ಳಿ ಎಂದೂ ಕರೆಸಿಕೊಳ್ಳುವ ಈ ಗಿಡದ ದೊಡ್ಡ ಮುಳ್ಳಿಗೆ ಯಾರೂ ಹೆದರುವುದಿಲ್ಲ, ಅದು ಕಣ್ಣಿಗೆ ಕಾಣುತ್ತದೆ. ಹೆದರಬೇಕಾದ್ದು ಹಣ್ಣಿನ ಮೈಮೇಲಿನ ಚುಕ್ಕೆಗಳಲ್ಲಿ ಕಂತೆಕಂತೆಯಾಗಿ ಕೂತಿರುವ ಸುಂಕಿಗೆ. ಕೂದಲಿಗಿಂತ ಸಣ್ಣ, ತುದಿಯಲ್ಲಿ ಹಿಮ್ಮುಖ ಕೊಕ್ಕೆ. ಚರ್ಮಕ್ಕೆ ಹೊಕ್ಕರೆ ಎರಡು ದಿನ ಚುಚ್ಚುತ್ತದೆ, ನಾಲಿಗೆಗೆ ಹೊಕ್ಕರೆ ಕೇಳಲೇಬೇಡಿ. ಕುರಿಗಾಹಿ ಹುಡುಗರು ಹಣ್ಣನ್ನು ಕೋಲಿನಿಂದ ಬೀಳಿಸಿ, ಕಾಲ ಜೋಡಿನಡಿ ಮಣ್ಣಿನಲ್ಲಿ ಹೊರಳಾಡಿಸಿ, ಬಟ್ಟೆಯಿಂದ ಉಜ್ಜಿ ತಿನ್ನುತ್ತಾರೆ. ಅಡುಗೆಮನೆಯಲ್ಲಾದರೆ ಇಕ್ಕಳ ಸಾಕು. ಗ್ಯಾಸಿನ ಉರಿಯ ಮೇಲೆ ಹಣ್ಣನ್ನು ತಿರುಗಿಸುತ್ತಾ ಹಿಡಿದರೆ ಸುಂಕು ಚಿಟಿಚಿಟಿ ಸುಟ್ಟು ಉದುರುತ್ತದೆ. ತೊಳೆದು, ಎರಡು ತುದಿ ಕತ್ತರಿಸಿ, ಉದ್ದಕ್ಕೆ ಸೀಳಿದರೆ ಸಿಪ್ಪೆ ತಾನಾಗಿ ಬಿಟ್ಟುಕೊಳ್ಳುತ್ತದೆ. ಒಳಗೆ ತಿರುಳಿಗಿಂತ ಬೀಜವೇ ಜಾಸ್ತಿ ಎನ್ನುವಷ್ಟು ಗಟ್ಟಿ ಬೀಜ. ಹಿಸುಕಿ ಸೋಸಿಕೊಳ್ಳಬೇಕು. ಬೀಜ ಸಮೇತ ಸಿಕ್ಕಾಪಟ್ಟೆ ತಿಂದವರಿಗೆ ಅವು ಕರುಳಿನ ಕೊನೆಯಲ್ಲಿ ಗಂಟುಕಟ್ಟಿ ಆಸ್ಪತ್ರೆಗೆ ಹೋಗಬೇಕಾದ ಪ್ರಕರಣಗಳು ಮೆಡಿಟರೇನಿಯನ್ ದೇಶಗಳ ವೈದ್ಯಕೀಯ ಪತ್ರಿಕೆಗಳಲ್ಲಿ ದಾಖಲಾಗಿವೆ.

ಸೋಸಿದ ರಸಕ್ಕೆ ಬೆಲ್ಲ, ನಿಂಬೆ, ಏಲಕ್ಕಿ ಸೇರಿದರೆ ಪಾನಕ. ಹುಣಸೆ, ಬೆಲ್ಲ, ಸಾರಿನ ಪುಡಿ ಹಾಕಿ ಕುದಿಸಿದರೆ ಗೊಜ್ಜು. ಆದರೆ ಈ ಹಣ್ಣಿಗೆ ಹೇಳಿ ಮಾಡಿಸಿದ ಅಡುಗೆ ಎಂದರೆ ಮಲೆನಾಡಿನ ತಂಬುಳಿ. ಕಾರಣ ಸರಳ. ಬೀಟಲೇನ್ ಬಣ್ಣ ಬಿಸಿಗೆ ನಿಲ್ಲುವುದಿಲ್ಲ, ಹೆಚ್ಚು ಹೊತ್ತು ಕುದಿಸಿದರೆ ಕಂದಿ ಹಳದಿಗಟ್ಟುತ್ತದೆ. ಹುಳಿಯಲ್ಲಿ ಮಾತ್ರ ಚೆನ್ನಾಗಿ ಉಳಿಯುತ್ತದೆ. ತಂಬುಳಿಗೆ ರಸವನ್ನು ಕುದಿಸುವ ಹಂಗಿಲ್ಲ. ತುಪ್ಪದಲ್ಲಿ ಹುರಿದ ಜೀರಿಗೆ, ಕಾಳುಮೆಣಸನ್ನು ತೆಂಗಿನಕಾಯಿಯೊಂದಿಗೆ ರುಬ್ಬಿ, ಮಜ್ಜಿಗೆ ಬೆರೆಸಿ, ಕೊನೆಯಲ್ಲಿ ಹಣ್ಣಿನ ರಸ ಸುರಿದರೆ ದಾಸವಾಳದ ಬಣ್ಣದ ತಂಬುಳಿ ಸಿದ್ಧ. ಕಳಸದ ಮೆಣಸು, ಕಡೂರಿನ ಹಣ್ಣು. ಹೋಮ್‌ಸ್ಟೇ ನಡೆಸುವವರು ಒಮ್ಮೆ ಪ್ರಯತ್ನಿಸಿ ನೋಡಬಹುದು.

ಮೆಕ್ಸಿಕೋದವರು ಹಣ್ಣಿಗಿಂತ ಹೆಚ್ಚಾಗಿ ತಿನ್ನುವುದು ಗಿಡದ ಎಳೆಯ ಪಟ್ಟಿಗಳನ್ನು. ಅಲ್ಲಿ ಅದರ ಹೆಸರು ನೋಪಾಲ್. ಬೆಂಡೆಯ ಹಾಗೆ ಲೋಳೆ. ಹೆಚ್ಚಿ, ಒಣ ಬಾಣಲೆಯಲ್ಲಿ ಲೋಳೆ ಆರುವ ತನಕ ಹುರಿದು ಪಲ್ಯ ಮಾಡುತ್ತಾರೆ. ಈ ಗಿಡ ಹಗಲು ಬಾಯಿ ಮುಚ್ಚಿಕೊಂಡು ರಾತ್ರಿ ಮಾತ್ರ ಗಾಳಿ ಎಳೆದುಕೊಳ್ಳುತ್ತದೆ, ಎಳೆದದ್ದನ್ನು ಆಮ್ಲವಾಗಿ ಕೂಡಿಡುತ್ತದೆ. ಹಾಗಾಗಿ ಬೆಳಗ್ಗೆ ಕೊಯ್ದದ್ದು ಹುಳಿ, ಸಂಜೆ ಕೊಯ್ದದ್ದು ಸಪ್ಪೆ. ನಮ್ಮ ಬೇಲಿಯ ಕಾಡುಕಳ್ಳಿ ಮಾತ್ರ ಈ ಪಲ್ಯಕ್ಕೆ ತಕ್ಕುದಲ್ಲ, ಮುಳ್ಳೇ ಜಾಸ್ತಿ. ಅದಕ್ಕೆ ಮುಳ್ಳಿಲ್ಲದ ತೋಟದ ತಳಿಯೇ ಆಗಬೇಕು.

ಮಂಗರವಳ್ಳಿಯ ವಿಷಯದಲ್ಲಿ ನಾವು ಮೆಕ್ಸಿಕೋದತ್ತ ನೋಡಬೇಕಾಗಿಲ್ಲ. ನಾಲ್ಕು ಮೂಲೆಯ, ಗಿಣ್ಣುಗಿಣ್ಣಿನ ಈ ಬಳ್ಳಿಯ ಎಳೆಯ ತುದಿಯನ್ನು ನಾರು ತೆಗೆದು, ಎಣ್ಣೆಯಲ್ಲಿ ಚೆನ್ನಾಗಿ ಬಾಡಿಸಿ, ಉದ್ದಿನಬೇಳೆ, ಒಣಮೆಣಸು, ಧಾರಾಳ ಹುಣಸೆ ಸೇರಿಸಿ ಚಟ್ನಿ ರುಬ್ಬುವುದು, ಅದರ ರಸ ಬೆರೆಸಿ ಹಪ್ಪಳ ಒತ್ತುವುದು ಹಳೆಯ ಮನೆಗಳ ರೂಢಿ. ಹುಣಸೆ ಕಡಿಮೆಯಾದರೆ ಗಂಟಲು ತುರಿಸುತ್ತದೆ. ಬಳ್ಳಿಯಲ್ಲಿರುವ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿ ಹರಳುಗಳ ಕೆಲಸ ಅದು. ಕೆಸುವಿನ ಎಲೆಯಲ್ಲಿ ಇರುವುದೂ ಅದೇ ಸೂಜಿ. ಮೂಡಿಗೆರೆಯ ಮನೆಗಳಲ್ಲಿ ಆಟಿ ತಿಂಗಳ ಪತ್ರೊಡೆಗೆ ಹುಳಿ ಕಲಸುವ ಕೈಗೂ ಕಡೂರಿನಲ್ಲಿ ಮಂಗರವಳ್ಳಿಗೆ ಹುಣಸೆ ಕಿವುಚುವ ಕೈಗೂ ಗೊತ್ತಿರುವುದು ಒಂದೇ ವಿದ್ಯೆ. ಮಲೆನಾಡಿನ ಅಡುಗೆಯೇ ಬೇರೆ, ಬಯಲಿನದೇ ಬೇರೆ ಎನ್ನುವವರು ಈ ಎರಡು ಒರಳುಗಳ ಮುಂದೆ ಕೂರಬೇಕು.

ಮೂಳೆ ಮುರಿದರೆ ಮಂಗರವಳ್ಳಿ ಅರೆದು ಕಟ್ಟುವ ಪದ್ಧತಿ ಹಳ್ಳಿಗಳಲ್ಲಿದೆ, ಆಯುರ್ವೇದದಲ್ಲೂ ಅದಕ್ಕೆ ಮೂಳೆ ಕೂಡಿಸುವ ಬಳ್ಳಿಯೆಂಬ ಹೆಸರಿದೆ. ಸಣ್ಣಪುಟ್ಟ ಪ್ರಯೋಗಗಳು ಭರವಸೆ ಹುಟ್ಟಿಸುತ್ತವೆ, ಅಷ್ಟೇ. ಎಕ್ಸ್‌ರೇ ತೆಗೆಸಿ ಮೂಳೆ ಸರಿಯಾಗಿ ಕೂರಿಸಿದ ಮೇಲೆ ಚಟ್ನಿ ತಿನ್ನುವುದಕ್ಕೆ ಯಾವ ವೈದ್ಯರೂ ಅಡ್ಡಿ ಹೇಳಲಾರರು. ಮೂಳೆ ಓರೆಯಾಗಿದ್ದಾಗ ಬಳ್ಳಿ ಕಟ್ಟಿಕೊಂಡು ಕೂತರೆ ಓರೆಯಾಗಿಯೇ ಕೂಡುತ್ತದೆ. ಲೋಳೆಸರದ್ದೂ ಹೀಗೆಯೇ. ಒಳಗಿನ ತಿಳಿ ಲೋಳೆ ಸಣ್ಣ ಸುಟ್ಟಗಾಯಕ್ಕೆ ತಂಪು. ಸಿಪ್ಪೆಯಡಿಯ ಹಳದಿ ಕಹಿ ಹಾಲು ಜೋರಾದ ಭೇದಿ ಔಷಧಿ. ಸುರಕ್ಷತೆಯ ಪುರಾವೆ ಸಾಲದೆಂದು ಅದನ್ನು ಹಾಕಿದ ಭೇದಿ ಮಾತ್ರೆಗಳನ್ನು 2002ರಲ್ಲಿ ಅಮೆರಿಕದ ಔಷಧ ಆಡಳಿತ ಮಾರುಕಟ್ಟೆಯಿಂದ ತೆಗೆಸಿತು. ಮನೆಯಲ್ಲಿ ಜ್ಯೂಸ್ ಮಾಡುವವರಲ್ಲಿ ಈ ಹಳದಿ ಹಾಲನ್ನು ಸೋರಲು ಬಿಟ್ಟು ತೊಳೆಯುವವರು ಎಷ್ಟು ಮಂದಿ?

ಇನ್ನೂ ದೊಡ್ಡ ಅಪಾಯ ಗುರುತಿನದು. ಪಾಪಾಸುಕಳ್ಳಿ, ಜಡೆಕಳ್ಳಿ, ಎಲೆಗಳ್ಳಿ ಎಲ್ಲವನ್ನೂ ಕಳ್ಳಿ ಎನ್ನುತ್ತೇವೆ. ಪಾಪಾಸುಕಳ್ಳಿಯನ್ನು ಮುರಿದರೆ ಬರುವುದು ನೀರಿನಂಥ ಲೋಳೆ. ಜಡೆಕಳ್ಳಿ, ಎಲೆಗಳ್ಳಿ ಮುರಿದರೆ ಬಿಳಿಹಾಲು. ಈ ಹಾಲಿನ ಕಳ್ಳಿಗಳು ಬೇರೆಯೇ ಕುಲ, ಹಾಲು ಕಣ್ಣಿಗೆ ಸಿಡಿದರೆ ದೃಷ್ಟಿಗೇ ಕುತ್ತು. ಎಕ್ಕದ ಹಾಲೂ ಕಣ್ಣಿಗೆ ಅಷ್ಟೇ ಕೆಟ್ಟದು. ಮೊಬೈಲಿನಲ್ಲಿ ನೋಡಿದ ‘ಕ್ಯಾಕ್ಟಸ್ ಜ್ಯೂಸ್’ ವಿಡಿಯೊ ನಂಬಿ ಬೇಲಿಗೆ ಕೈ ಹಾಕುವ ಪೇಟೆಯವರಿಗೆ ಇದನ್ನು ಹೇಳಿಕೊಡುವವರು ಬೇಕು.

ಸಕ್ಕರೆ ಕಾಯಿಲೆಯ ವಿಷಯದಲ್ಲಿ ಪೂರ್ತಿ ಸುಳ್ಳಿಲ್ಲ. ಮೆಕ್ಸಿಕೋದ ಸಂಶೋಧಕರು 2014ರಲ್ಲಿ ಪ್ರಕಟಿಸಿದ ಸಣ್ಣ ಅಧ್ಯಯನದಲ್ಲಿ, ಬೆಳಗಿನ ತಿಂಡಿಯ ಜೊತೆ 300 ಗ್ರಾಂ ಬೇಯಿಸಿದ ನೋಪಾಲ್ ತಿಂದ ರೋಗಿಗಳಲ್ಲಿ ಊಟದ ನಂತರದ ಸಕ್ಕರೆ ಏರಿಕೆ ತಗ್ಗಿತ್ತು. ಗಮನಿಸಬೇಕಾದ್ದು: ತಿಂದದ್ದು ಪಟ್ಟಿಯ ಪಲ್ಯ, ಹಣ್ಣಿನ ರಸವಲ್ಲ. ತಟ್ಟೆ ತುಂಬ ತಿಂದರು, ಚಮಚೆಯಲ್ಲಿ ಕುಡಿಯಲಿಲ್ಲ. ನಾರು, ಲೋಳೆ ಇರುವ ತರಕಾರಿ ಮಾಡುವ ಕೆಲಸ ಅದು. ನಾರನ್ನೆಲ್ಲ ಸೋಸಿ, ಸಕ್ಕರೆ ಬೆರೆಸಿ ಬಾಟಲಿಗೆ ತುಂಬಿದ ಮೇಲೆ ಅದೇ ಗುಣ ಎಲ್ಲಿಂದ ಬರಬೇಕು? ಸಕ್ಕರೆ ಕಾಯಿಲೆ ಗುಣಪಡಿಸುತ್ತೇವೆ ಎಂದು ಜಾಹೀರಾತು ಕೊಡುವುದು 1954ರ ಔಷಧ ಮತ್ತು ಮಾಂತ್ರಿಕ ಪರಿಹಾರಗಳ ಕಾಯ್ದೆಯಡಿ ಅಪರಾಧ. ಕಾಯ್ದೆ ಪುಸ್ತಕದಲ್ಲಿದೆ, ಬಾಟಲಿ ಮೊಬೈಲಿನಲ್ಲಿದೆ.

ಸರ್ಕಾರದ ಕಣ್ಣೂ ಈಚೆಗೆ ಕಳ್ಳಿಯ ಮೇಲೆ ಬಿದ್ದಿದೆ. ಕೇಂದ್ರದ ಭೂ ಸಂಪನ್ಮೂಲ ಇಲಾಖೆ 2022ರಿಂದ ಜಲಾನಯನ ಯೋಜನೆಯಲ್ಲಿ ಮುಳ್ಳಿಲ್ಲದ ಕಳ್ಳಿಯನ್ನು ಮೇವಿಗೆ, ಜೈವಿಕ ಅನಿಲಕ್ಕೆ ಬೆಳೆಸಿ ಎನ್ನುತ್ತಿದೆ. ಅದೇ ಕುಟುಂಬದ ಡ್ರ್ಯಾಗನ್ ಫ್ರೂಟಿಗೆ ತುಮಕೂರಿನ ಹಿರೇಹಳ್ಳಿಯಲ್ಲಿ ಉತ್ಕೃಷ್ಟತಾ ಕೇಂದ್ರ 2023ರಲ್ಲಿ ಮಂಜೂರಾಯಿತು. ಬ್ರೆಜಿಲಿನ ಈಶಾನ್ಯದ ಒಣನಾಡಿನಲ್ಲಿ ದನಗಳಿಗೆ ಬೇಸಿಗೆ ದಾಟಿಸುವುದೇ ಈ ಕಳ್ಳಿ. ಹತ್ತಿರ ಹತ್ತಿರ ನೂರಕ್ಕೆ ತೊಂಬತ್ತು ಪಾಲು ನೀರಿರುವ ಮೇವು, ಒಣಹುಲ್ಲಿನ ಜೊತೆ ಕೊಟ್ಟರೆ ಕುಡಿಯುವ ನೀರಿನ ಭಾರವೂ ತಗ್ಗುತ್ತದೆ. ಕಡೂರು, ಅಜ್ಜಂಪುರದ ರೈತರಿಗೆ ಇದು ಉಪಯೋಗಕ್ಕೆ ಬರುವ ಮಾತು.

ಆದರೆ ಒಂದು ಎಚ್ಚರಿಕೆ ಬೇಕು. ಸರ್ಕಾರದ ಕಾಗದದಲ್ಲಿ ‘ಪಾಳುಭೂಮಿ’ ಎಂದರೆ ಹಲವು ಸಲ ಹುಲ್ಲುಗಾವಲು. ಕಡೂರು ತಾಲ್ಲೂಕಿನ ಬಾಸೂರು ಅಮೃತ್ ಮಹಲ್ ಕಾವಲು ಕೃಷ್ಣಮೃಗಗಳ ನೆಲೆ, ಸಂರಕ್ಷಣಾ ಮೀಸಲು. ಅಜ್ಜಂಪುರದ ತಳಿ ಸಂವರ್ಧನಾ ಕೇಂದ್ರಕ್ಕೆ ಆಧಾರವಾದದ್ದೂ ಇಂಥ ಕಾವಲುಗಳೇ. ಅಲ್ಲಿ ಕಳ್ಳಿ ನೆಡಬಾರದು. ಹೊಲದ ಬದು, ಕಲ್ಲುಗುಡ್ಡೆಯ ಅಂಚು, ಕೊಟ್ಟಿಗೆಯ ಹಿಂಬದಿ ಸಾಕು. ಮಳೆ ಸುರಿಯುವ ಕಾಫಿ ತೋಟಗಳಲ್ಲಂತೂ ಬೇಡವೇ ಬೇಡ, ಬೇರು ಕೊಳೆಯುತ್ತದೆ. ಮಲೆನಾಡಿನ ಅಂಗಳಕ್ಕೆ ಒಪ್ಪುವ ಕಳ್ಳಿ ಈಗಾಗಲೇ ಅಲ್ಲಿದೆ. ಮಳೆಗಾಲದ ರಾತ್ರಿ ಅರಳಿದಾಗ ಅಕ್ಕಪಕ್ಕದವರನ್ನೆಲ್ಲ ಕರೆದು ತೋರಿಸುವ ‘ಬ್ರಹ್ಮಕಮಲ’ ಮೆಕ್ಸಿಕೋದ ಮಳೆಕಾಡಿನಲ್ಲಿ ಮರದ ಮೇಲೆ ಬೆಳೆಯುವ ಕಳ್ಳಿಯೇ.

ಆಗಬೇಕಾದ ಕೆಲಸ ದೊಡ್ಡದೇನಲ್ಲ. ಮೂಡಿಗೆರೆಯಲ್ಲಿ ತೋಟಗಾರಿಕೆ ಕಾಲೇಜಿದೆ. ಕಡೂರಿನ ಕಾಡುತಳಿಯ ಹಣ್ಣಿನಲ್ಲಿ ಏನಿದೆ, ಎಷ್ಟಿದೆ ಎಂದು ಅಳೆದು ಕನ್ನಡದಲ್ಲಿ ಒಂದು ಹಾಳೆ ಅಚ್ಚು ಹಾಕಿಸಿದರೂ ಬಾಟಲಿಯವರ ಬಾಯಿ ಅರ್ಧ ಮುಚ್ಚುತ್ತದೆ. ಜೀವವೈವಿಧ್ಯ ಕಾಯ್ದೆ ಬಂದದ್ದು 2002ರಲ್ಲಿ, ಅದರ ಪ್ರಕಾರ ಪ್ರತಿ ಪಂಚಾಯಿತಿಯಲ್ಲೂ ಜನತಾ ಜೀವವೈವಿಧ್ಯ ದಾಖಲಾತಿ ಇರಬೇಕು. ಸಖರಾಯಪಟ್ಟಣ, ಬೀರೂರು, ಅಜ್ಜಂಪುರ ಸುತ್ತಿನ ಪಂಚಾಯಿತಿಯವರು ಮುಂದಿನ ಗ್ರಾಮಸಭೆಯಲ್ಲಿ ಆ ಪುಸ್ತಕ ತರಿಸಿ, ಕುರಿ ಕಾಯುವವರನ್ನೂ ಮಂಗರವಳ್ಳಿ ಹಪ್ಪಳ ಒತ್ತುವ ಅಜ್ಜಿಯರನ್ನೂ ಕೂರಿಸಿಕೊಂಡು, ಯಾವ ಕಳ್ಳಿ, ಯಾವ ತಿಂಗಳು, ಹೇಗೆ ಹಸನು ಮಾಡುವುದು, ಯಾವುದನ್ನು ಮುಟ್ಟಬಾರದು ಎಂಬುದನ್ನು ಬರೆಸಲಿ.